ತಪಸ್ಸಿಗೆ ವಿವೇಕವೇ ಕಾವಲು

ಕ್ರಿ.ಶ. 4ನೆಯ ಶತಮಾನದಲ್ಲಿ ಈಜಿಪ್ಟಿನ ಮರುಭೂಮಿಯು ಅನೇಕ ಕ್ರೈಸ್ತ ವಿರಕ್ತರ ತಪೋಭೂಮಿಯಾಗಿತ್ತು. ಅವರಲ್ಲಿ ಅಗ್ರಗಣ್ಯನಾದ ಆಂಟನಿಯು (ಮರಣ: 356) ಪಿತ್ರಾರ್ಜಿತ ಭೂಮಿಯನ್ನು ತ್ಯಜಿಸಿ, ದಿನಕ್ಕೊಮ್ಮೆ ರೊಟ್ಟಿ, ಉಪ್ಪು, ನೀರುಗಳನ್ನಷ್ಟೇ ಸೇವಿಸುತ್ತಿದ್ದನೆಂದು ಅಥನೇಸಿಯಸನು ಬರೆದ ಚರಿತ್ರೆಯು ತಿಳಿಸುತ್ತದೆ. ಆ ಆಹಾರವೂ ಸೂರ್ಯಾಸ್ತದ ಅನಂತರವೇ. ರಾತ್ರಿಭೋಜನತ್ಯಾಗವು ಅವರ ನಿಯಮಗಳಲ್ಲಿರಲಿಲ್ಲ.

ಆ ವಿರಕ್ತರೊಡನೆ ಕೆಲಕಾಲ ಬಾಳಿದ ಕ್ಯಾಸಿಯನನು 5ನೆಯ ಶತಮಾನದಲ್ಲಿ ರಚಿಸಿದ ‘ಸಂವಾದಗಳು’ ಎಂಬ ಗ್ರಂಥದಲ್ಲಿ ಹೆರಾನನೆಂಬ ವೃದ್ಧನ ವೃತ್ತಾಂತವಿದೆ. 50 ವರ್ಷ ಕಠೋರ ಉಪವಾಸಗೈದ ಈತನು ಈಸ್ಟರ್ ಹಬ್ಬದಂದೂ ಸಹತಪಸ್ವಿಗಳೊಡನೆ ಉಣ್ಣಲಿಲ್ಲ. ತುಸು ಕಾಳನ್ನು ಮುಟ್ಟಿದರೂ ತನ್ನ ನಿಯಮವು ಸಡಿಲಿತೆಂದು ಕಂಡೀತೆಂಬ ಅಳುಕು. ಹಿರಿಯರ ಮಾತನ್ನು ಬಿಟ್ಟು ಸ್ವಬುದ್ಧಿಯನ್ನೇ ನಂಬಿದನು. ಕಡೆಗೆ, ತನ್ನ ಪುಣ್ಯಬಲದಿಂದ ಯಾವ ಅಪಾಯವೂ ತಟ್ಟದೆಂದು ಭ್ರಮಿಸಿ ಬಾವಿಗೆ ಬಿದ್ದು, ಮೂರನೆಯ ದಿನ ಮೃತನಾದನು. ಅವನಲ್ಲಿ ವಿವೇಕದ ಕೊರತೆಯಿತ್ತೆಂದು ಹಿರಿಯನಾದ ಮೋಸೆಸನು ನಿರ್ಣಯಿಸುತ್ತಾನೆ. ದೀರ್ಘೋಪವಾಸಕ್ಕಿಂತ ದಿನಕ್ಕೆರಡು ಒಣರೊಟ್ಟಿಗಳ ಮಿತಾಹಾರವೇ ಲೇಸೆಂಬುದು ಅವನ ಮತ.

ಅವಮೌದರ್ಯವನ್ನೂ ತಪವೆಂದೆಣಿಸುವ ಶ್ರಾವಕರಿಗೆ ಈ ಮಾತು ಹೊಸತಲ್ಲ. ಸಮ್ಯಗ್ದರ್ಶನವಿಲ್ಲದ ತಪಸ್ಸನ್ನು ಜಿನಾಗಮವು ಬಾಲತಪವೆನ್ನುತ್ತದೆ. ದೇಹವು ಕೃಶವಾಗಿ ಮಾನಕಷಾಯವು ಪುಷ್ಟವಾದರೆ ನಿರ್ಜರೆಯೆಲ್ಲಿಯದು? ಗುರುಸಾಕ್ಷಿಯಾಗಿ, ಶಕ್ತಿಯನ್ನರಿತು ವ್ರತವನ್ನು ಸ್ವೀಕರಿಸಬೇಕೆಂಬ ವಿಧಿಯ ಮರ್ಮವಿದು.