ಹತ್ತು ನಿಮಿಷದ ಚಿತ್ರ, ನಾಲ್ಕು ದಿನಗಳ ಆಟ

ನಡೆದ ಸಂಗತಿಯನ್ನು ಚಿತ್ರೀಕರಿಸಿ, ಬೇಕಾದುದನ್ನು ಆಯ್ದು ಜೋಡಿಸಿ ತೋರಿಸುವ ಚಲಚ್ಚಿತ್ರಕ್ಕೆ ಸಾಕ್ಷ್ಯಚಿತ್ರವೆಂದು ಹೆಸರು. 1948ರಲ್ಲಿ ಸ್ಥಾಪಿತವಾದ ಫಿಲ್ಮ್ಸ್ ಡಿವಿಜನ್ನಿನ ಇಂತಹ ಕಿರುಚಿತ್ರಗಳನ್ನು ಹಿಂದೆ ಚಿತ್ರಮಂದಿರಗಳಲ್ಲಿ ಕಥಾಚಿತ್ರಕ್ಕೆ ಮೊದಲು ತೋರಿಸುತ್ತಿದ್ದುದು ಹಿರಿಯರಿಗೆ ನೆನಪಿರಬಹುದು. ಸಾಕ್ಷ್ಯವೆಂದ ಮಾತ್ರಕ್ಕೆ ಅದು ಸಮಗ್ರ ಸತ್ಯವೆಂದು ತಿಳಿಯಲಾಗದು. ಗಾಲ್ಫ್ ಪಂದ್ಯವೊಂದರ ಉದಾಹರಣೆಯಿಂದ ಇದನ್ನು ವಿಚಾರಿಸೋಣ.

ಕಾಲ್ಚೆಂಡಾಟವನ್ನು ಬಲ್ಲ ಮೊಗ್ರಾಲಿನ ಮಕ್ಕಳಿಗೆ ಗಾಲ್ಫ್ ಹೊಸದು. ವಿಶಾಲವಾದ ಹುಲ್ಲುಬಯಲಿನಲ್ಲಿ 18 ಕುಳಿಗಳಿರುತ್ತವೆ. ಚೆಂಡನ್ನು ಕೋಲಿನಿಂದ ಹೊಡೆದು ಒಂದೊಂದಾಗಿ ಎಲ್ಲ ಕುಳಿಗಳಿಗೂ ಸೇರಿಸಬೇಕು. ಇದು ಒಂದು ಸುತ್ತು. ಒಟ್ಟು ಹೊಡೆತಗಳು ಯಾರಿಗೆ ಕಡಮೆಯೋ ಅವರೇ ವಿಜಯಿಗಳು.

ಬೆಂಗಳೂರಿನ ಅದಿತಿ ಅಶೋಕ್ ಈ ಆಟವನ್ನೇ ವೃತ್ತಿಯಾಗಿಸಿಕೊಂಡವರು. 2016ರಲ್ಲಿ ಗುರುಗ್ರಾಮದ ಮಹಿಳಾ ಇಂಡಿಯನ್ ಓಪನ್ ಪಂದ್ಯವನ್ನು ಅವರು ಒಂದೇ ಹೊಡೆತದ ಅಂತರದಿಂದ ಗೆದ್ದರು. 2021ರ ಆಗಸ್ಟ್ 4ರಿಂದ 7ರ ವರೆಗೆ ನಡೆದ ಟೋಕಿಯೋ ಒಲಿಂಪಿಕ್ಸ್ ಪಂದ್ಯದಲ್ಲಿ ಅವರ ನಾಲ್ಕು ಸುತ್ತುಗಳ ಲೆಕ್ಕ 67, 66, 68, 68, ಒಟ್ಟು 269. ಅಮೆರಿಕದ ನೆಲ್ಲಿ ಕೋರ್ಡಾ 267ಕ್ಕೆ ಸ್ವರ್ಣಪದಕ ಪಡೆದರು. ಜಪಾನಿನ ಮೋನೆ ಇನಾಮಿ, ನ್ಯೂಜಿಲೆಂಡಿನ ಲಿಡಿಯಾ ಕೋ ಇಬ್ಬರೂ 268ರಲ್ಲಿ ಸಮಸಮವಾಗಿ ನಿಂತು, ಹೆಚ್ಚುವರಿ ಆಟದ ಮೂಲಕ ರಜತ, ಕಂಚುಗಳನ್ನು ಹಂಚಿಕೊಂಡರು. ಅದಿತಿಯವರು ನಾಲ್ಕನೆಯವರಾದರು. ಒಂದು ಹೊಡೆತ ಕಡಮೆಯಾಗಿದ್ದರೆ ಅವರೂ ಆ ಹೆಚ್ಚುವರಿ ಆಟದಲ್ಲಿರುತ್ತಿದ್ದರು.

ಇದನ್ನು ಹತ್ತು ನಿಮಿಷದ ಚಿತ್ರವಾಗಿಸುವುದೆಂದು ಭಾವಿಸೋಣ. 600 ಸೆಕೆಂಡುಗಳನ್ನು 269ರಿಂದ ಭಾಗಿಸಿದರೆ ಹೊಡೆತವೊಂದಕ್ಕೆ ಎರಡು ಸೆಕೆಂಡಿಗಿಂತ ತುಸು ಹೆಚ್ಚು ಬರುತ್ತದೆ. ಆಡಿದವರಾದರೋ 60 ಮಂದಿ! ಆದುದರಿಂದ ಚಿತ್ರ ತಯಾರಕನು ಬಹುಭಾಗವನ್ನು ಬಿಡಲೇಬೇಕು. ಕೊನೆಯ ಕುಳಿಯ ಅಂಚಿನಲ್ಲಿ ತಪ್ಪಿದ ಚೆಂಡನ್ನು ಅವನು ಬಿಡಲಾರನು. ಮೊದಲ ದಿನದ ಸಾಧಾರಣ ಹೊಡೆತವನ್ನು ಬಿಟ್ಟಾನು. ನೋಡಿದವನು ಕೊನೆಯ ಹೊಡೆತವೊಂದರಿಂದಲೇ ಪದಕ ಕೈತಪ್ಪಿತೆಂದುಕೊಳ್ಳುತ್ತಾನೆ. ಆದರೆ ಲೆಕ್ಕದಲ್ಲಿ ಬುಧವಾರದ ಮೊದಲ ಹೊಡೆತಕ್ಕೂ ಶನಿವಾರದ ಕೊನೆಯ ಹೊಡೆತಕ್ಕೂ ಬೆಲೆ ಒಂದೇ.

ವಿದ್ಯಾರ್ಥಿಗಳೇ, ಸಾಕ್ಷ್ಯಚಿತ್ರವನ್ನು ನೋಡುವಾಗ ಎರಡು ಪ್ರಶ್ನೆಗಳನ್ನು ಕೇಳಿಕೊಳ್ಳಿರಿ: ಏನನ್ನು ತೋರಿಸಿದರು? ಏನನ್ನು ಬಿಟ್ಟರು?

ಪೋಷಕರಲ್ಲಿಯೂ ನಮ್ಮದೊಂದು ಬಿನ್ನಹ. ವರ್ಷಾಂತ್ಯದ ಅಂಕಪಟ್ಟಿಯೂ ಒಂದು ಕಿರುಚಿತ್ರವೇ. ಮಗುವು ವರ್ಷವಿಡೀ ಪಟ್ಟ ಶ್ರಮ ಅದರಲ್ಲಿ ಪೂರ್ತಿಯಾಗಿ ಕಾಣಿಸದು. ಅದನ್ನು ದಿನದಿನವೂ ಕಾಣುವವರು ನಾವು ಮತ್ತು ನೀವು. ತೀರ್ಪು ಕೊಡುವ ಮುನ್ನ ಅದನ್ನು ನೆನೆಯೋಣ.