ಮಳಖೇಡಕ್ಕೆ ಹೊರಡುವ ಮೊದಲು

ಹವಳಗಾದ ಸಕ್ಕರೆ ಕಾರ್ಖಾನೆ ಮುಂದೆ ಕಬ್ಬಿನ ಟ್ರ್ಯಾಕ್ಟರುಗಳು ಸಾಲುಗಟ್ಟಿರುವ ದಿನಗಳಲ್ಲಿ ರಾಷ್ಟ್ರಕೂಟರ ಮಾತು ತೆಗೆದರೆ, ಅದು ಯಾವುದೋ ದೂರದ ದೇಶದ ಸುದ್ದಿ ಅನ್ನಿಸೀತು. ದೂರವೇನಿಲ್ಲ. ನಮ್ಮ ಭೀಮಾ ನದಿಗೆ ಮುಂದೆ ಕಾಗಿಣಾ ಬಂದು ಸೇರುತ್ತದಲ್ಲ, ಆ ಕಾಗಿಣಾ ದಂಡೆಯ ಮಳಖೇಡವೇ ಅಂದಿನ ಮಾನ್ಯಖೇಟ. ರಾಷ್ಟ್ರಕೂಟರ ದೊರೆ ಅಮೋಘವರ್ಷ ನೃಪತುಂಗ ಸುಮಾರು 814ರಿಂದ 878ರವರೆಗೆ ಆಳಿದ. ಮಾನ್ಯಖೇಟ ಅವನ ರಾಜಧಾನಿ. ಅವನ ಕೊನೆಗಾಲದಲ್ಲಿ, 871ರಲ್ಲಿ, ಇಂಗ್ಲೆಂಡಿನ ಒಂದು ಭಾಗಕ್ಕೆ ಆಲ್ಫ್ರೆಡ್ ರಾಜನಾದ. ಅಲ್ಲಿ ಲ್ಯಾಟಿನ್ ಪುಸ್ತಕಗಳು ಜನರ ಇಂಗ್ಲಿಷಿಗೆ ಇಳಿದವು. ಇಲ್ಲಿ ನೃಪತುಂಗನ ಕಾಲದಲ್ಲಿ ಕನ್ನಡದ ಗ್ರಂಥ ‘ಕವಿರಾಜಮಾರ್ಗ’ ಹುಟ್ಟಿತು. ಬರೆದವನು ನೃಪತುಂಗನಲ್ಲ, ಅವನ ಆಸ್ಥಾನದ ಶ್ರೀವಿಜಯ ಎನ್ನುವವರೇ ಈಗ ಹೆಚ್ಚು.

ಇದೆಲ್ಲ ನಮಗೆ ತಿಳಿದದ್ದು ಹೇಗೆ? ಶಾಸನಗಳಿಂದ. ಆದರೆ ಅವನ್ನು ಓದಿ ಜೋಡಿಸಿದ ಫ್ಲೀಟ್, ಭಂಡಾರಕರ್ ಮುಂತಾದವರ ಪುಸ್ತಕಗಳು ಇಂಗ್ಲಿಷಿನಲ್ಲಿದ್ದವು. ಕಲ್ಲು ನಮ್ಮೂರ ಗುಡಿಯ ಮುಂದೆ, ಅದರ ಅರ್ಥ ಸರಕಾರಿ ಕಪಾಟಿನಲ್ಲಿ.

ಆ ಕಪಾಟನ್ನು ತೆರೆದವರಲ್ಲಿ ಆಲೂರು ವೆಂಕಟರಾಯರ ಹೆಸರು ಮೊದಲು ಹೇಳಬೇಕು. 1880ರಲ್ಲಿ ವಿಜಯಪುರದಲ್ಲಿ ಹುಟ್ಟಿ, ಧಾರವಾಡದಲ್ಲಿ ವಕೀಲಿ ಹಿಡಿದು, ಅದನ್ನು ಬಿಟ್ಟವರು. 1917ರಲ್ಲಿ ‘ಕರ್ನಾಟಕ ಗತವೈಭವ’ ಹೊರತಂದರು. ಆಗ ಕನ್ನಡಿಗರು ಮುಂಬಯಿ, ಮದ್ರಾಸು, ಮೈಸೂರು, ಹೈದರಾಬಾದು ಎಂದು ಚದುರಿದ್ದರು. ನಮ್ಮ ಕಲಬುರಗಿ ನಿಜಾಮನ ಕೈಯಲ್ಲಿತ್ತು. ಈ ನಾಡುಗಳಿಗೆ ಒಂದೇ ಹಿಂದಿನ ಕಥೆ ಇದೆ ಎಂದು ಆಲೂರರು ಕನ್ನಡದಲ್ಲೇ ಹೇಳಿದರು. ಏಕೀಕರಣ ಆದದ್ದು 1956ರಲ್ಲಿ. ಅವರು ಅದನ್ನು ಕಂಡೇ 1964ರಲ್ಲಿ ತೀರಿಕೊಂಡರು.

ಪುಸ್ತಕ ಓದಿ, ಆದರೆ ಹೆಸರಿನಲ್ಲೇ ‘ವೈಭವ’ ಇದೆ ಎಂಬುದು ನೆನಪಿರಲಿ. ಅಭಿಮಾನದ ಬಿಸಿಯಲ್ಲಿ ರಾಜರೆಲ್ಲ ತುಸು ಎತ್ತರ ಕಾಣುತ್ತಾರೆ. ಅದಕ್ಕೇ ಹೊಸಬರಿಗೆ ನಾನು ಹೇಳುವುದು: ಶಾಸನವನ್ನು ನಡುವಿನಿಂದ ಓದಿ. ಕಲ್ಲಿನ ತಲೆಯಲ್ಲಿ ಸೂರ್ಯ, ಚಂದ್ರ, ಆಕಳು-ಕರು ಕಾಣುತ್ತವೆ. ಸೂರ್ಯ-ಚಂದ್ರರು ಇರುವ ತನಕ ಈ ದಾನ ಇರಲಿ ಎಂದು. ಆಮೇಲೆ ರಾಜನ ಬಿರುದುಗಳು. ಒಪ್ಪತ್ತಿನ ಯುದ್ಧ ಗೆದ್ದವನೂ ಅಲ್ಲಿ ಭೂಮಿಯನ್ನೆಲ್ಲ ಗೆದ್ದಿರುತ್ತಾನೆ! ಅದನ್ನು ದಾಟಿದರೆ ಸಿಗುವುದು ದಾನದ ವಿವರ: ಇಷ್ಟು ಮತ್ತರು ಹೊಲ, ಇಂಥ ಗಾಣ, ಇಂಥ ತೋಟ, ಯಾವ ದಿಕ್ಕಿಗೆ ಯಾರ ಎಲ್ಲೆ. ಊರಿನ ಜನ ಸಿಗುವುದು ಆ ಸಾಲುಗಳಲ್ಲಿ. ಕೊನೆಗೆ, ಈ ದಾನ ಕೆಡಿಸಿದವನಿಗೆ ಕಾಶಿಯಲ್ಲಿ ಕವಿಲೆ ಕೊಂದ ಪಾಪ ಬರಲಿ ಎಂಬ ಶಾಪ. ದಾನದ ಹೊಲದ ಮೇಲೆ ಎಷ್ಟು ಜನರಿಗೆ ಕಣ್ಣಿತ್ತೋ ಎಂದು ನನಗೆ ಪ್ರತಿಸಲ ಅನ್ನಿಸುತ್ತದೆ.

ಊರಿನ ಹೆಸರುಗಳನ್ನೂ ಹುಡುಕಿ. ಕಲ್ಯಾಣದ ಚಾಲುಕ್ಯರ ಶಾಸನಗಳಲ್ಲಿ ಬರುವ ‘ಅಲಂದೆ ಸಾಸಿರ’ ಇಂದಿನ ಆಳಂದದ ನಾಡು. ಚಿತ್ತಾಪುರದ ಪಕ್ಕದ ನಾಗಾವಿಯಲ್ಲಿ 1058ರ ಶಾಸನವಿದೆ, ಅಲ್ಲಿನ ಘಟಿಕಾಸ್ಥಾನದ, ಅಂದರೆ ವಿದ್ಯಾಕೇಂದ್ರದ, ಲೆಕ್ಕಪತ್ರದಂತೆ. ವೇದ ಓದುವವರೇ 200 ಮಂದಿ. ಪುಸ್ತಕ ಕಾಯಲು ಆರು ಜನ ಸರಸ್ವತಿ ಭಂಡಾರಿಗರು, ಅವರಿಗೂ ಜೀವನಕ್ಕೆ ಹೊಲ. ಮಳಖೇಡದ ಕೋಟೆ ನೋಡಿ ಬರುವಾಗ ನಾಗಾವಿಗೂ ಒಮ್ಮೆ ಇಳಿಯಿರಿ.