ಸಿಮ್ ನಿಂತಲ್ಲೇ ನಿಂತಿತೇ? ಮೊದಲು ನೆಲ ನೋಡಿ

ಚಾಮರಾಜನಗರದಲ್ಲೋ ಗುಂಡ್ಲುಪೇಟೆಯಲ್ಲೋ ರಜೆಯ ಮಧ್ಯಾಹ್ನ ಲ್ಯಾಪ್‌ಟಾಪ್ ಮುಂದೆ ಕೂತು ‘ದಿ ಸಿಮ್ಸ್ 4’ ಆಡುವ ನಿಮಗೆ ನಾಲ್ಕು ಮಾತು ಹೇಳಬೇಕು. 2022ರ ಅಕ್ಟೋಬರ್ 18ರಿಂದ ಈ ಆಟದ ಮೂಲ ಭಾಗ ಪುಕ್ಕಟೆಯಾಗಿ ಸಿಗುತ್ತಿದೆ. ಇಳಿಸಿಕೊಂಡಿರಿ, ಮನೆ ಕಟ್ಟಿದಿರಿ, ಸಂಸಾರ ಹೂಡಿದಿರಿ, ಬಹಳ ಸಂತೋಷ. ಆದರೆ ಸಿಮ್, ಅಂದರೆ ಆಟದೊಳಗಿನ ನಿಮ್ಮ ಪುಟ್ಟ ಮನುಷ್ಯ, ಒಂದು ದಿನ ಅಡುಗೆಮನೆಯ ಬಾಗಿಲಲ್ಲಿ ನಿಂತುಬಿಟ್ಟರೆ ನೀವು ಮಾಡುವುದೇನು? ಹತ್ತು ಸಲ ಕ್ಲಿಕ್ ಮಾಡುತ್ತೀರಿ, ಬೈಯುತ್ತೀರಿ, ಕೊನೆಗೆ ಆಟವನ್ನೇ ಅಳಿಸಿ ಮತ್ತೆ ಇಳಿಸಲು ಕೂರುತ್ತೀರಿ. ನೆಗಡಿ ಬಂತೆಂದು ಯಾರಾದರೂ ಮೂಗು ಕೊಯ್ದುಕೊಳ್ಳುತ್ತಾರೆಯೇ? ಅಷ್ಟು ದೊಡ್ಡ ಆಟ ಮತ್ತೆ ಇಳಿಯಬೇಕಾದರೆ ಮನೆಯವರೆಲ್ಲರ ಡೇಟಾ ಖಾಲಿಯಾಗುತ್ತದೆ. ಇಳಿದ ಮೇಲೂ ಸಿಮ್ ಅದೇ ಬಾಗಿಲಲ್ಲಿ ನಿಂತಿರುತ್ತದೆ, ಏಕೆಂದರೆ ನೀವು ಕಟ್ಟಿದ ಮನೆ ನಿಮ್ಮ ಸೇವ್ ಫೈಲಿನಲ್ಲಿ ಹಾಗೇ ಉಳಿದಿರುತ್ತದೆ.

ತಪ್ಪು ಸಾಮಾನ್ಯವಾಗಿ ಸಿಮ್‌ನದಲ್ಲ, ಮನೆಯದು. ಈ ಆಟ ಹುಟ್ಟಿದ್ದು ಹೇಗೆಂದು ಗೊತ್ತಾದರೆ ಇದನ್ನು ಮರೆಯುವುದಿಲ್ಲ. 1991ರ ಅಕ್ಟೋಬರ್‌ನಲ್ಲಿ ಅಮೆರಿಕದ ಓಕ್ಲೆಂಡ್ ಗುಡ್ಡಗಳಲ್ಲಿ ಹಬ್ಬಿದ ಬೆಂಕಿಗೆ ವಿಲ್ ರೈಟ್ ಎಂಬುವರ ಮನೆ ಸುಟ್ಟುಹೋಯಿತು. 2019ರ ಫೆಬ್ರವರಿಯಲ್ಲಿ ಬಂಡೀಪುರ ಹೊತ್ತಿ ಉರಿದದ್ದನ್ನು ಕಂಡವರಿಗೆ ಅಂಥ ಬೆಂಕಿ ಏನೆಂದು ಬಿಡಿಸಿ ಹೇಳಬೇಕಿಲ್ಲ. ರೈಟ್ ಮತ್ತೆ ಮನೆ ಹೂಡುವಾಗ, ಒಂದು ಮನೆಗೆ ನಿಜವಾಗಿ ಬೇಕಾದದ್ದು ಏನು ಎಂದು ಯೋಚಿಸಿದರು. ಆ ಯೋಚನೆಯೂ ಈ ಆಟಕ್ಕೆ ಬೀಜವಾಯಿತು. ಮೊದಲಿಗೆ ಅವರ ಮನಸ್ಸಿನಲ್ಲಿದ್ದದ್ದು ಮನೆ ಕಟ್ಟುವ ಆಟ. ಕಟ್ಟಿದ ಮನೆ ವಾಸಕ್ಕೆ ಲಾಯಕ್ಕೋ ಅಲ್ಲವೋ ಎಂದು ಹೇಳಲು ಒಳಗೆ ಪುಟ್ಟ ಮನುಷ್ಯರನ್ನು ಬಿಟ್ಟರು. 2000ದ ಫೆಬ್ರವರಿಯಲ್ಲಿ ಮೊದಲ ‘ದಿ ಸಿಮ್ಸ್’ ಹೊರಬರುವ ಹೊತ್ತಿಗೆ ಆ ಮನುಷ್ಯರೇ ಮುಖ್ಯರಾಗಿದ್ದರು. ಹಳೆಯ ಕೆಲಸವನ್ನು ಮಾತ್ರ ಅವರು ಇಂದಿಗೂ ಬಿಟ್ಟಿಲ್ಲ. ನಿಮ್ಮ ಸಿಮ್ ನಿಂತು ಕೈ ಆಡಿಸಿ ಗೊಣಗಿದರೆ ನಿಮ್ಮ ಮನೆಯ ಬಗ್ಗೆ ದೂರು ಹೇಳುತ್ತಿದೆ ಎಂದು ತಿಳಿಯಿರಿ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ ಎಂದು ನಗಬೇಡಿ. ಇಲ್ಲಿ ನೆಲ ನಿಜವಾಗಿಯೂ ಡೊಂಕಾಗಿರುತ್ತದೆ.

ಆದ್ದರಿಂದ ಮೊದಲ ಕೆಲಸ, ಮೌಸ್‌ನಿಂದ ಕೈ ತೆಗೆದು ನೋಡುವುದು. ಸಿಮ್‌ನ ತಲೆಯ ಮೇಲೆ ಒಂದು ಗುಳ್ಳೆ ಏಳುತ್ತದೆ. ಅದರಲ್ಲಿ ಎಷ್ಟೋ ಸಲ ದಾರಿಗೆ ಅಡ್ಡವಾದ ವಸ್ತುವಿನ ಚಿತ್ರವೇ ಇರುತ್ತದೆ. ಕುರ್ಚಿಯೋ, ಹೂಕುಂಡವೋ, ಇನ್ನೊಂದು ಸಿಮ್ಮೋ. ಅದು ಅಷ್ಟು ಸ್ಪಷ್ಟವಾಗಿ ಹೇಳುತ್ತಿರುವಾಗ ನೀವು ಮೂರನೇ ವೇಗದಲ್ಲಿ ಓಡಿಸುತ್ತಿದ್ದರೆ ಕಾಣುವುದು ಹೇಗೆ? ವೇಗವನ್ನು ಒಂದಕ್ಕೆ ಇಳಿಸಿ. ಕೆಳಗೆ ಸಾಲಾಗಿ ನಿಂತ ಕೆಲಸಗಳನ್ನೆಲ್ಲ ಒಂದೊಂದಾಗಿ ರದ್ದು ಮಾಡಿ. ಆಮೇಲೆ ನೆಲದ ಮೇಲೆ ಕ್ಲಿಕ್ ಮಾಡಿ ‘ಗೋ ಹಿಯರ್’ ಕೊಟ್ಟು ಸ್ವಲ್ಪ ಸ್ವಲ್ಪವೇ ನಡೆಸಿ. ನಡುಮನೆಯಿಂದ ಬಾಗಿಲವರೆಗೆ, ಬಾಗಿಲಿಂದ ಆಚೆಗೆ, ಆಚೆಯಿಂದ ಒಲೆಯ ಮುಂದಕ್ಕೆ. ಎಲ್ಲಿಯವರೆಗೆ ಬಂತು, ಎಲ್ಲಿಂದ ಮುಂದೆ ಬರಲಿಲ್ಲ ಎಂಬುದು ತಿಳಿದರೆ ಅರ್ಧ ಕೆಲಸ ಮುಗಿಯಿತು. ಕಾರಣ ಕಾಲ ಬುಡದಲ್ಲೇ ಇರುವಾಗ ಇಂಟರ್ನೆಟ್ಟಿನಲ್ಲಿ ಅಲೆಯುವುದು, ಕೈಯಲ್ಲಿ ಬೆಣ್ಣೆ ಇಟ್ಟುಕೊಂಡು ತುಪ್ಪಕ್ಕೆ ಊರೆಲ್ಲ ಅಲೆದ ಹಾಗೆ.

ಈಗ ಮನೆಯ ವಿಷಯಕ್ಕೆ ಬರೋಣ. ನಮ್ಮ ಕಡೆಯ ತೊಟ್ಟಿ ಮನೆಯನ್ನು ಆಟದಲ್ಲಿ ಕಟ್ಟಲು ಹೊರಡುವ ಮಕ್ಕಳನ್ನು ಕಂಡರೆ ನನಗೆ ತುಂಬ ಮೆಚ್ಚುಗೆ. ಜಗಲಿ, ನಡುವೆ ಆಕಾಶಕ್ಕೆ ತೆರೆದ ತೊಟ್ಟಿ, ಸುತ್ತ ಕಂಬ, ಹಿಂದೆ ಹಿತ್ತಿಲು, ಎಲ್ಲವೂ ಬೇಕು ನಿಮಗೆ. ಇರಲಿ. ಆದರೆ ಸಿಮ್ ಸಿಕ್ಕಿಹಾಕಿಕೊಳ್ಳಲು ತೊಟ್ಟಿ ಮನೆಗಿಂತ ಒಳ್ಳೆಯ ಜಾಗ ಇನ್ನೊಂದಿಲ್ಲ. ತೊಟ್ಟಿಯ ನೆಲ ಸುತ್ತಲಿನ ಪಡಸಾಲೆಗಿಂತ ತಗ್ಗಿನಲ್ಲಿರುತ್ತದೆ. ನಮ್ಮ ಅಜ್ಜಿಯರು ಸೆರಗು ಕಟ್ಟಿಕೊಂಡು ಇಳಿದುಬಿಡುತ್ತಿದ್ದರು, ಸಿಮ್ ಅಜ್ಜಿ ಹಾಗೆ ಇಳಿಯುವವರಲ್ಲ. ನೆಲದ ಎತ್ತರ ಬದಲಾದ ಕಡೆಯೆಲ್ಲ ಮೆಟ್ಟಿಲು ಹಾಕಿ, ಒಂದು ಬದಿಗಲ್ಲ, ಎರಡು ಬದಿಗೆ ಹಾಕಿದರೆ ಇನ್ನೂ ಒಳ್ಳೆಯದು. ಮೆಟ್ಟಿಲು ಹಾಕಿದ್ದೇವಲ್ಲ ಎನ್ನುತ್ತೀರಿ. ಮೇಲಿನ ತುದಿಯಲ್ಲಿ ಕಂಬ, ಕೆಳಗಿನ ತುದಿಯಲ್ಲಿ ತುಳಸಿಕಟ್ಟೆ ಇಟ್ಟಿದ್ದೀರಿ, ಅದನ್ನು ನೋಡಿದಿರಾ? ಮೆಟ್ಟಿಲಿನ ಎರಡೂ ತುದಿಯಲ್ಲಿ ಕಾಲಿಡಲು ಖಾಲಿ ಚೌಕ ಬೇಕೇ ಬೇಕು.

ಚೌಕ ಅಂದೆನಲ್ಲ, ಈ ಆಟದ ನೆಲವೆಲ್ಲ ಚೌಕಗಳ ಲೆಕ್ಕ. ಬಿಲ್ಡ್ ಮೋಡ್‌ಗೆ ಹೋಗಿ ಕೀಬೋರ್ಡಿನಲ್ಲಿ ‘ಜಿ’ ಒತ್ತಿದರೆ ಆ ಗೆರೆಗಳು ಕಾಣುತ್ತವೆ, ಮತ್ತೊಮ್ಮೆ ಒತ್ತಿದರೆ ಮರೆಯಾಗುತ್ತವೆ. ಗೆರೆ ಕಾಣುವಂತೆ ಇಟ್ಟುಕೊಂಡೇ ಸಾಮಾನು ಜೋಡಿಸಿ. ಓಡಾಡುವ ದಾರಿಗೆ ಕಡಿಮೆಯೆಂದರೆ ಒಂದು ಪೂರ್ತಿ ಚೌಕ ಬಿಡಿ. ಒಲೆ, ಫ್ರಿಜ್, ಸಿಂಕ್, ಕಮೋಡ್ ಎಲ್ಲಕ್ಕೂ ಮುಂದೆ ನಿಲ್ಲುವ ಜಾಗ ಬೇಕು. ಊಟದ ಮೇಜಿನ ಕುರ್ಚಿಯನ್ನು ಹಿಂದಕ್ಕೆ ಎಳೆಯಬೇಕಲ್ಲವೇ, ಅದನ್ನು ಗೋಡೆಗೆ ಅಂಟಿಸಿದರೆ ಕೂರುವವರು ಹೇಗೆ ಕೂರಬೇಕು? ಇಬ್ಬರು ಮಲಗುವ ಮಂಚಕ್ಕೆ ಎರಡು ಕಡೆಯೂ ಜಾಗ ಬಿಡಿ. ಬಾಗಿಲಿನ ಒಳಗೂ ಹೊರಗೂ ಹೂಕುಂಡ ಇಡಬೇಡಿ. ಚೆಂಡುಹೂವಿನ ಹೊಲದಂಥ ಅಂಗಳ ಆಟದಲ್ಲೂ ಬೇಕೆಂದು ಬೇಲಿ ಹಾಕುತ್ತೀರಿ, ಗೇಟು ಇಡುವುದನ್ನು ಮಾತ್ರ ಮರೆಯುತ್ತೀರಿ. ಆಮೇಲೆ ಗಿಡಕ್ಕೆ ನೀರು ಹಾಕಲು ಹೋಗುತ್ತಿಲ್ಲ ಎಂದು ಪಾಪದ ಸಿಮ್ ಮೇಲೆ ಕೋಪ!

ಇನ್ನೊಂದು ಕೆಟ್ಟ ಅಭ್ಯಾಸವಿದೆ, ಅದಕ್ಕೆ ಸ್ವಲ್ಪ ಗಟ್ಟಿಯಾಗಿಯೇ ಹೇಳುತ್ತೇನೆ. ‘ಬಿಬಿ ಮೂವ್‌ಆಬ್ಜೆಕ್ಟ್ಸ್’ ಎಂಬ ಚೀಟ್ ಕಲಿತುಕೊಂಡಿದ್ದೀರಿ. ಅದನ್ನು ಹಾಕಿದರೆ ಒಂದು ವಸ್ತುವಿನೊಳಗೆ ಇನ್ನೊಂದನ್ನು ತುರುಕಬಹುದು. ಆಲ್ಟ್ ಕೀ ಹಿಡಿದು ಚೌಕದ ಲೆಕ್ಕ ಮೀರಿಯೂ ಇಡಬಹುದು. ನೋಡಲು ಚೆಂದ, ನಾನೂ ಒಪ್ಪುತ್ತೇನೆ. ಆದರೆ ಈ ಚೀಟ್ ನಿಮ್ಮ ಕಣ್ಣಿಗೆ ಮಾತ್ರ ಜಾಗ ಮಾಡಿಕೊಡುತ್ತದೆ, ಸಿಮ್‌ನ ಕಾಲಿಗೆ ಮಾಡಿಕೊಡುವುದಿಲ್ಲ. ಚಿತ್ರ ತೆಗೆಯುವುದಕ್ಕೆಂದು ಕಟ್ಟುವ ಮನೆಗೆ ಬೇಕಾದರೆ ಬಳಸಿ. ಸಂಸಾರ ಮಾಡುವ ಮನೆಯಲ್ಲಿ ಗೋಡೆಯ ಅಲಂಕಾರಕ್ಕೆ, ಕಪಾಟಿನ ಮೇಲಿನ ಸಣ್ಣಪುಟ್ಟ ವಸ್ತುಗಳಿಗೆ ಬಳಸಿದರೆ ಸಾಕು. ಒಲೆ, ಮಂಚ, ಬಾಗಿಲು, ಮೆಟ್ಟಿಲುಗಳ ಹತ್ತಿರ ಬೇಡವೇ ಬೇಡ. ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು ಅಂದವರು ಸುಮ್ಮನೆ ಅಂದಿಲ್ಲ, ಆಟದ ಮನೆಗೂ ಆ ಮಾತು ಸಲ್ಲುತ್ತದೆ.

ಬಾಗಿಲ ಬೀಗವನ್ನೂ ನೋಡಿ. ಈ ಆಟದಲ್ಲಿ ಬಾಗಿಲ ಮೇಲೆ ಕ್ಲಿಕ್ ಮಾಡಿ ಯಾರು ಒಳಗೆ ಬರಬಹುದು, ಯಾರು ಬರಬಾರದು ಎಂದು ಗೊತ್ತುಮಾಡಬಹುದು. ತಮ್ಮನ ಸಿಮ್ ಫ್ರಿಜ್ ಖಾಲಿ ಮಾಡುತ್ತದೆಂದು ಎಂದೋ ಬೀಗ ಹಾಕಿರುತ್ತೀರಿ, ಅದು ನಿಮಗೇ ಮರೆತಿರುತ್ತದೆ. ಗುಂಡ್ಲುಪೇಟೆಯವರಿಗೆ ಇದು ಬೇಗ ಅರ್ಥವಾಗುತ್ತದೆ. 2009ರಿಂದ ಬಂಡೀಪುರದ ದಾರಿ ರಾತ್ರಿ ಒಂಬತ್ತರಿಂದ ಬೆಳಿಗ್ಗೆ ಆರರವರೆಗೆ ವಾಹನಗಳಿಗೆ ಮುಚ್ಚಿರುತ್ತದೆ. ಒಂಬತ್ತು ದಾಟಿ ಚೆಕ್‌ಪೋಸ್ಟಿಗೆ ಬಂದ ವಯನಾಡಿನ ಕಾರು ಕೆಟ್ಟು ನಿಂತದ್ದಲ್ಲ, ಗೇಟು ಹಾಕಿದೆ ಎಂದು ನಿಂತದ್ದು. ಆ ಕಾರಿನವರಾದರೂ ಹುಣಸೂರು, ಗೋಣಿಕೊಪ್ಪ, ಕುಟ್ಟದ ಕಡೆಯಿಂದ ಸುತ್ತಿ ಹೋಗಬಹುದು. ನಿಮ್ಮ ಸಿಮ್‌ಗೆ ಇರುವುದು ಅದೊಂದೇ ಬಾಗಿಲಾದರೆ ಎಲ್ಲಿಂದ ಸುತ್ತಬೇಕು? ಬೀಗ ತೆಗೆಯಿರಿ, ಇಲ್ಲವೇ ಇನ್ನೊಂದು ಬಾಗಿಲು ಇಡಿ.

ದಾರಿಯೆಲ್ಲ ಸರಿಯಿದೆ, ಆದರೂ ಸಿಮ್ ಕಲ್ಲಿನ ಹಾಗೆ ನಿಂತಿದೆ ಅನ್ನಿ. ಆಗಲೂ ಅವಸರ ಬೇಡ. ಒಮ್ಮೆ ಬಿಲ್ಡ್ ಮೋಡ್‌ಗೆ ಹೋಗಿ ಲೈವ್ ಮೋಡ್‌ಗೆ ವಾಪಸ್ ಬನ್ನಿ. ಸರಿಹೋಗದಿದ್ದರೆ ಮನೆಯವರನ್ನು ಕರೆದುಕೊಂಡು ಆಟದೊಳಗಿನ ಪಾರ್ಕಿಗೋ ಇನ್ನೆಲ್ಲಿಗೋ ಹೋಗಿ ಬನ್ನಿ. ಸೇವ್ ಮಾಡಿ, ಆಟದಿಂದ ಪೂರ್ತಿ ಹೊರಬಂದು ಮತ್ತೆ ತೆರೆಯಿರಿ. ಇಷ್ಟಕ್ಕೂ ಬಗ್ಗದಿದ್ದರೆ ಮಾತ್ರ ಚೀಟ್ ಪೆಟ್ಟಿಗೆ ತೆಗೆಯಿರಿ. ಕಂಪ್ಯೂಟರಿನಲ್ಲಿ ಕಂಟ್ರೋಲ್, ಶಿಫ್ಟ್, ‘ಸಿ’ ಮೂರನ್ನೂ ಒಟ್ಟಿಗೆ ಒತ್ತಿ, ಇಂಗ್ಲಿಷ್ ಅಕ್ಷರದಲ್ಲಿ ‘ಟೆಸ್ಟಿಂಗ್‌ಚೀಟ್ಸ್ ಟ್ರೂ’ ಎಂದು ಟೈಪ್ ಮಾಡಿ. ಟೆಸ್ಟಿಂಗ್‌ಚೀಟ್ಸ್ ಎಂಬುದು ಒಂದೇ ಪದ, ನಡುವೆ ಜಾಗ ಬಿಡಬೇಡಿ. ಆಮೇಲೆ ಶಿಫ್ಟ್ ಹಿಡಿದು ಸಿಮ್ ಮೇಲೆ ಕ್ಲಿಕ್ ಮಾಡಿದರೆ ಬರುವ ಪಟ್ಟಿಯಲ್ಲಿ ‘ರೀಸೆಟ್ ಆಬ್ಜೆಕ್ಟ್’ ಇರುತ್ತದೆ. ಸಿಮ್ ಕಣ್ಣಿಗೇ ಕಾಣದಂತೆ ಎಲ್ಲೋ ಸಿಕ್ಕಿಕೊಂಡಿದ್ದರೆ ‘ರೀಸೆಟ್‌ಸಿಮ್’ ಎಂದು ಬರೆದು, ಜಾಗ ಬಿಟ್ಟು, ಅದರ ಮೊದಲ ಹೆಸರು, ಕೊನೆಯ ಹೆಸರು ಬರೆಯಿರಿ. ಹೆಸರಿನ ಕಾಗುಣಿತ ತಪ್ಪಿದರೆ ಕೆಲಸ ಆಗುವುದಿಲ್ಲ. ರೀಸೆಟ್ ಮಾಡಿದಾಗ ಸಿಮ್ ಹಿಡಿದ ಕೆಲಸಗಳೆಲ್ಲ ರದ್ದಾಗುತ್ತವೆ, ಅದಕ್ಕೆ ಅಳಬೇಡಿ. ಆದರೆ ಐದು ನಿಮಿಷಕ್ಕೊಮ್ಮೆ ರೀಸೆಟ್ ಮಾಡುವ ಪರಿಸ್ಥಿತಿ ಬಂದಿದ್ದರೆ ಕಾರಣ ಇನ್ನೂ ಮನೆಯಲ್ಲೇ ಕೂತಿದೆ ಎಂದರ್ಥ, ಮತ್ತೆ ನೆಲ ನೋಡಿ.

ಕಾರಣ ಮನೆಯಲ್ಲಿಲ್ಲ ಎಂದಾದರೆ ಬಹಳ ಮಟ್ಟಿಗೆ ಅದು ‘ಮಾಡ್’ಗಳಲ್ಲಿ ಇರುತ್ತದೆ. ಬೇರೆಯವರು ಮಾಡಿ ಹಂಚಿದ ಸೀರೆ, ಒಡವೆ, ಪೀಠೋಪಕರಣ, ಹೊಸ ಹೊಸ ನಡಿಗೆ, ಎಲ್ಲವನ್ನೂ ತಂದು ಡಾಕ್ಯುಮೆಂಟ್ಸ್ ಒಳಗಿನ ಎಲೆಕ್ಟ್ರಾನಿಕ್ ಆರ್ಟ್ಸ್, ಅದರೊಳಗಿನ ದಿ ಸಿಮ್ಸ್ 4, ಅದರೊಳಗಿನ ಮಾಡ್ಸ್ ಫೋಲ್ಡರಿಗೆ ಸುರಿದಿದ್ದೀರಿ. ಮೂಗಿಗಿಂತ ಮೂಗುತಿ ಭಾರವಾಗಿದೆ. ಆಟಕ್ಕೆ ಹೊಸ ಅಪ್‌ಡೇಟ್ ಬಂದಾಗ ಹಳೆಯ ಮಾಡ್‌ಗಳು ಅದಕ್ಕೆ ಹೊಂದದೆ ಹೋಗಬಹುದು. ಅದಕ್ಕೇ ಅಪ್‌ಡೇಟ್ ಆದಾಗ ಆಟ ತಾನೇ ಮಾಡ್‌ಗಳನ್ನು ನಿಲ್ಲಿಸುತ್ತದೆ. ನೀವು ಓದದೆ, ನೋಡದೆ ಮತ್ತೆ ಚಾಲೂ ಮಾಡುತ್ತೀರಿ. ಆಟ ಕನ್ನಡದಲ್ಲಿ ಇಲ್ಲ ನಿಜ, ಹಾಗೆಂದು ಪರದೆಯ ಮೇಲೆ ಬಂದ ಎಚ್ಚರಿಕೆಯನ್ನು ಓದದೆ ‘ಓಕೆ’ ಒತ್ತಬಾರದು. ಅರ್ಥವಾಗದಿದ್ದರೆ ಅಕ್ಕನನ್ನೋ ಅಣ್ಣನನ್ನೋ ಕೇಳಿ.

ಮಾಡ್‌ಗಳ ಪರೀಕ್ಷೆ ಸುಲಭ, ತಾಳ್ಮೆ ಮಾತ್ರ ಬೇಕು. ಮಾಡ್ಸ್ ಫೋಲ್ಡರನ್ನು ಡೆಸ್ಕ್‌ಟಾಪಿಗೆ ಸರಿಸಿ. ದಿ ಸಿಮ್ಸ್ 4 ಫೋಲ್ಡರಿನಲ್ಲೇ ಇರುವ ‘ಲೋಕಲ್‌ಥಂಬ್‌ಕ್ಯಾಶ್’ ಎಂಬ ಫೈಲನ್ನು ಅಳಿಸಿ, ಆಟ ಅದನ್ನು ಮತ್ತೆ ತಾನೇ ಮಾಡಿಕೊಳ್ಳುತ್ತದೆ. ಈಗ ಆಟ ತೆರೆದು ನೋಡಿ. ಸಿಮ್ ಸಲೀಸಾಗಿ ನಡೆದರೆ ಕಳ್ಳ ಡೆಸ್ಕ್‌ಟಾಪಿನಲ್ಲಿದ್ದಾನೆ. ಅರ್ಧ ಮಾಡ್‌ಗಳನ್ನು ವಾಪಸ್ ಹಾಕಿ ನೋಡಿ. ತೊಂದರೆ ಬಂದರೆ ಆ ಅರ್ಧದಲ್ಲಿ ಹುಡುಕಿ, ಬಾರದಿದ್ದರೆ ಉಳಿದರ್ಧದಲ್ಲಿ. ಹೀಗೆ ಅರ್ಧ ಅರ್ಧ ಮಾಡುತ್ತ ಹೋದರೆ ಕೊನೆಗೆ ಒಂದು ಉಳಿಯುತ್ತದೆ. ಒಂದೇ ಕೆಲಸಕ್ಕೆ ಎರಡು ಮಾಡ್ ಇಟ್ಟುಕೊಳ್ಳಬೇಡಿ, ಎತ್ತು ಏರಿಗೆಳೆದರೆ ಕೋಣ ನೀರಿಗೆಳೆಯುತ್ತದೆ. ಗೊತ್ತುಗುರಿ ಇಲ್ಲದ ಜಾಗದಿಂದ ಮಾಡ್ ಇಳಿಸಿಕೊಳ್ಳಲೇಬೇಡಿ. ಅಪ್ಪನ ಬ್ಯಾಂಕಿನ ಕೆಲಸವೂ ಅದೇ ಲ್ಯಾಪ್‌ಟಾಪಿನಲ್ಲಿ ನಡೆಯುತ್ತದೆ ಎನ್ನುವುದು ನೆನಪಿರಲಿ.

ಕೆಲವು ಸಲ ಸಿಮ್ ನಿಲ್ಲುವುದು ಲ್ಯಾಪ್‌ಟಾಪಿಗೆ ಸುಸ್ತಾಗಿ. ಮನೆಯಲ್ಲಿ ಎಂಟು ಜನ, ಜೊತೆಗೆ ನೆಂಟರು, ದೊಡ್ಡ ಸೈಟಿನ ತುಂಬ ಸಾಮಾನು. ಸಿಮ್ ಎರಡು ಹೆಜ್ಜೆ ಇಟ್ಟು ಯೋಚಿಸುತ್ತ ನಿಂತರೆ, ಗಡಿಯಾರವೂ ತಡವರಿಸಿದರೆ, ಇದೇ ಕಾರಣ ಅನ್ನಿ. ಹಾಸಿಗೆ ಇದ್ದಷ್ಟು ಕಾಲು ಚಾಚಿ. ಜನ, ಸಾಮಾನು ಎರಡನ್ನೂ ಕಡಿಮೆ ಮಾಡಿ, ಗ್ರಾಫಿಕ್ಸ್ ಇಳಿಸಿ, ಹಿಂದೆ ತೆರೆದಿಟ್ಟ ಬ್ರೌಸರ್ ಮುಚ್ಚಿ. ಬೇಸಿಗೆಯಲ್ಲಿ ಲ್ಯಾಪ್‌ಟಾಪನ್ನು ಹಾಸಿಗೆಯ ಮೇಲೆ, ದಿಂಬಿನ ಮೇಲೆ ಇಟ್ಟು ಆಡಬೇಡಿ. ಗಾಳಿ ಆಡದೆ ಅದು ಬೆಂದುಹೋಗುತ್ತದೆ.

ಇದೆಲ್ಲಕ್ಕೂ ಮೊದಲು ಮಾಡಬೇಕಾದ ಒಂದು ಕೆಲಸವಿದೆ. ಮನೆಗೆ ಬೆಂಕಿ ಬಿದ್ದಾಗ ಬಾವಿ ತೋಡಿ ಪ್ರಯೋಜನವಿಲ್ಲ. ಏನನ್ನಾದರೂ ಬದಲಿಸುವ ಮುಂಚೆ ‘ಸೇವ್ ಆ್ಯಸ್’ ಕೊಟ್ಟು ಬೇರೆ ಹೆಸರಿನಲ್ಲಿ ಒಂದು ಪ್ರತಿ ಉಳಿಸಿ. ದಿ ಸಿಮ್ಸ್ 4 ಫೋಲ್ಡರಿನೊಳಗಿನ ‘ಸೇವ್ಸ್’ ಫೋಲ್ಡರನ್ನು ಆಗಾಗ ಪೆನ್‌ಡ್ರೈವಿಗೆ ಕಾಪಿ ಮಾಡಿಡಿ. ಗಾಳಿ ಮಳೆಯ ಸಂಜೆ, ಯುಪಿಎಸ್ ಇಲ್ಲದ ಕಂಪ್ಯೂಟರಿನಲ್ಲಿ ಸೇವ್ ಆಗುತ್ತಿರುವಾಗಲೇ ಕರೆಂಟು ಹೋದರೆ ಆ ಫೈಲ್ ಕೆಡಬಹುದು. ಕೆಟ್ಟರೂ ಗಾಬರಿ ಬೇಡ, ಆಟ ತೆರೆಯುವ ಪಟ್ಟಿಯಲ್ಲಿ ಹಿಂದಿನ ಕೆಲವು ಪ್ರತಿಗಳನ್ನು ಮರಳಿ ಪಡೆಯುವ ಅನುಕೂಲವಿದೆ, ಅದನ್ನು ನೋಡಿ.

ಮಾಡ್ ಇಲ್ಲದೆ, ಹೊಸ ಸೇವ್‌ನಲ್ಲಿ, ಆಟದ ಜೊತೆಗೇ ಬಂದ ಬೇರೊಂದು ಮನೆಯಲ್ಲಿ ನೋಡಿದರೂ ಸಿಮ್ ಅದೇ ರೀತಿ ನಿಲ್ಲುತ್ತದೆಯೇ? ಇಎ ಆ್ಯಪ್‌ನಲ್ಲಿ ‘ರಿಪೇರ್’ ಒತ್ತಿ, ಫೈಲು ಕೆಟ್ಟಿದ್ದರೆ ಅದು ಸರಿಮಾಡುತ್ತದೆ. ಅದಾದ ಮೇಲೂ ಹಾಗೇ ಇದ್ದರೆ ಆಟದಲ್ಲೇ ದೋಷವಿದೆ ಅಂದುಕೊಳ್ಳಿ, ಅದಕ್ಕೆ ನೀವೂ ಹೊಣೆಯಲ್ಲ, ಸಿಮ್ಮೂ ಹೊಣೆಯಲ್ಲ. ಮುಂದಿನ ಅಪ್‌ಡೇಟ್ ಬರುವವರೆಗೆ ತೊಂದರೆ ಕೊಡುವ ಆ ವಸ್ತುವನ್ನು ಬದಿಗಿಡಿ. ಅಟ್ಟಕ್ಕೆ ಹಾಕಿದ ಏಣಿಯಾದರೆ ಅದನ್ನು ತೆಗೆದು ಅಗಲವಾದ ಮೆಟ್ಟಿಲು ಹಾಕಿ, ಮೇಲೂ ಕೆಳಗೂ ಒಂದೊಂದು ಚೌಕ ಖಾಲಿ ಬಿಡಿ.